ಗೋಡೆಯ ಮೇಲೆ ಒಂಬತ್ತು ನಲವತ್ತು

ಸಾವಿರದ ಒಂಬೈನೂರ ಅರವತ್ತಮೂರರಲ್ಲಿ ಮೈಸೂರಿನ ಮಂಡಿ ಮೊಹಲ್ಲಾಕ್ಕೆ ಹೊಸದಾಗಿ ಬಂದ ಸಬ್ ಇನ್ಸ್‌ಪೆಕ್ಟರೊಬ್ಬರು ಬೆಲ್ಲದ ಮಂಡಿಯ ಎದುರಿನ ಗಲ್ಲಿಯಲ್ಲಿ ಮೊದಲ ಸಲ ಕಾಲಿಟ್ಟವರೇ ಗಕ್ಕನೆ ನಿಂತುಬಿಟ್ಟರು. ಮನೆಮನೆಯ ಬಾಗಿಲ ಪಕ್ಕದ ಗೋಡೆಯಲ್ಲೂ ಇದ್ದಿಲಿನಿಂದ ಬರೆದ ಪುಟ್ಟ ಸೊನ್ನೆಗಳು. ಸೊನ್ನೆಯೊಳಗೆ ಎರಡೆರಡು ಕಡ್ಡಿ. ಕೆಲವು ಮನೆಗೆ ಒಂದು, ಕೆಲವು ಮನೆಗೆ ನಾಲ್ಕು. ಯಾರೋ ಇಡೀ ಗಲ್ಲಿಗೇ ಮಾಟ ಮಾಡಿಸಿದ್ದಾರೆ ಎಂದುಕೊಂಡು ಸಾಹೇಬರು ಟೋಪಿ ಸರಿಮಾಡಿಕೊಂಡರಂತೆ. ಜೊತೆಗಿದ್ದ ಹಳೇ ಪೇದೆ ಚಾಮಯ್ಯ ಮೀಸೆಯಡಿಯಲ್ಲೇ ನಕ್ಕ.

"ಮಾಟ ಅಲ್ಲ ಸಾರ್, ಅದು ವಕೀಲರ ಗಡಿಯಾರ. ನಾವು ಎಷ್ಟೊತ್ತಿಗೆ ಬಂದೋ ಅಂತ ಈಗಾಗ್ಲೇ ಬರೆದಾಗಿರ್ತದೆ, ಬೇಕಾದ್ರೆ ತಿರುಗಿ ನೋಡಿ."

ಸಾಹೇಬರು ತಿರುಗಿದರು. ಗಲ್ಲಿಯ ಬಾಯಲ್ಲಿ, ಸೊಪ್ಪಿನ ಮಂಕರಿಯ ಪಕ್ಕ ನಿಂತಿದ್ದ ಹೆಂಗಸೊಬ್ಬಳು ಇದ್ದಿಲು ಮೆತ್ತಿದ ಕೈಯನ್ನು ಸೆರಗಿಗೆ ಒರೆಸಿಕೊಳ್ಳುತ್ತಿದ್ದಳು. ಅವಳೇ ದೇವಿರಮ್ಮ. ಈ ಊರಿನಲ್ಲಿ ಮೊದಲ ಸೊನ್ನೆ ಬರೆದವಳು. ಆ ಸೊನ್ನೆಯ ಹಿಂದೆ ಒಬ್ಬ ವಕೀಲರಿದ್ದಾರೆ. ಅವರ ಕಥೆ ಹೇಳದೆ ಇವಳದು ಹೇಳಲಾಗದು, ಇವಳನ್ನು ಬಿಟ್ಟು ಅವರದು ಹೇಳಿದರೆ ಅದು ಕಥೆಯೇ ಅಲ್ಲ.

ದೇವಿರಮ್ಮ ಹೂಟಗಳ್ಳಿ ಕಡೆಯ ಒಕ್ಕಲು ಮನೆಯ ಹೆಣ್ಣು. ಮಂಡಿಯಲ್ಲಿ ಮೂಟೆ ಹೊರುವ ಮಹದೇವುವಿನ ಕೈಹಿಡಿದು ಪೇಟೆಗೆ ಬಂದವಳು. ಅಕ್ಷರದ ಗಂಧವಿಲ್ಲ. ಬಾಯಿ ಮಾತ್ರ ಜೋರು. ಸೊಪ್ಪಿನ ಕಟ್ಟು ಸಣ್ಣದಾಯಿತು ಎಂದು ಯಾರಾದರೂ ಮೂಗು ಮುರಿದರೆ, ಅವರ ಮೂರು ತಲೆಮಾರಿನ ಅಡುಗೆಮನೆಯನ್ನೇ ಬೀದಿಗೆ ತರುತ್ತಿದ್ದಳು. ಅಂಥವಳ ಬಾಯಿ ಕಟ್ಟಿಹೋದದ್ದು ಐವತ್ತೊಂದರಲ್ಲಿ. ಒಂದು ಬೆಳಿಗ್ಗೆ ಪೊಲೀಸರು ಬಂದು, ಮಂಡಿಯಲ್ಲಿ ಮೂಟೆ ಕಳುವಾಗಿದೆ ಎಂದು ಮಹದೇವುವನ್ನು ಮನೆಯಿಂದಲೇ ಎಳೆದುಕೊಂಡು ಹೋದರು. ಠಾಣೆಯ ಪುಸ್ತಕದಲ್ಲಿ ಬರೆದದ್ದು ಬೇರೆ: ಸಂಜೆ ಆರಕ್ಕೆ, ರೈಲ್ವೆ ಗೋದಾಮಿನ ಹತ್ತಿರ, ಮೂಟೆ ಸಮೇತ ಸಿಕ್ಕಿಬಿದ್ದ!

ಅವಳು ಅಳುತ್ತಾ ಹತ್ತಿದ್ದು ಬೆಲ್ಲದ ಮಂಡಿಯ ಮಹಡಿ ಮೆಟ್ಟಿಲು. ಅಲ್ಲಿ ವಕೀಲ ವೃಷಭೇಂದ್ರಪ್ಪನವರ ಆಫೀಸು. ಕೆಳಗಿನ ಮಂಡಿ ಅವರ ಚಿಕ್ಕಪ್ಪ ಶಿವಮಲ್ಲಪ್ಪನವರದು. ಎದುರು ಗಲ್ಲಿಯ ಮನೆಗಳೂ ಅವರವೇ. ವಂಶದವರೆಲ್ಲ ತಕ್ಕಡಿ ಹಿಡಿದು ಬಾಳಿದರೆ ಈ ಹುಡುಗ ಕರೀ ಕೋಟು ಹಾಕಿದ. ಅದಕ್ಕೂ ಒಂದು ಕಾರಣವಿತ್ತು. ನಲವತ್ತೇಳರ ಮೈಸೂರು ಚಲೋ ಚಳವಳಿಯಲ್ಲಿ, ಇನ್ನೂ ಕಾಲೇಜಿನಲ್ಲಿದ್ದಾಗ, ಅವರನ್ನು ಹಿಡಿದು ಮೂರು ದಿನ ಕತ್ತಲ ಕೋಣೆಯಲ್ಲಿ ಕೂಡಿಹಾಕಿದ್ದರು. ಪುಸ್ತಕದಲ್ಲಿ ಒಂದೇ ದಿನ ಎಂದು ಬರೆದರು. ಉಳಿದ ಎರಡು ದಿನ ನಾನು ಭೂಮಿಯ ಮೇಲೆ ಎಲ್ಲೂ ಇರಲಿಲ್ಲವಂತೆ ಎಂದು ಅವರು ಆಗಾಗ ಹೇಳುತ್ತಿದ್ದರು. ನಗುತ್ತಲೇ ಹೇಳುತ್ತಿದ್ದರು. ಆದರೆ ಆ ಎರಡು ದಿನದ ಸಿಟ್ಟು ಜನ್ಮದಲ್ಲಿ ಇಳಿಯಲಿಲ್ಲ.

ಅವರು ದೇವಿರಮ್ಮನಿಗೆ ಹೇಳಿದ ಮೊದಲ ಮಾತು "ಬನ್ನಿ, ಕೂತ್ಕೊಳ್ಳಿ." ಅಲ್ಲಿಯವರೆಗೆ ಕೋಟು ಹಾಕಿದ ಯಾವ ಗಂಡಸೂ ಅವಳಿಗೆ ಬಹುವಚನ ಕೊಟ್ಟಿರಲಿಲ್ಲ. ಅವಳು ಕುರ್ಚಿಯ ಅಂಚಿನಲ್ಲಿ ಕೂತಳು. ಎರಡನೆಯದು ಪ್ರಶ್ನೆ: "ಕರ್ಕೊಂಡು ಹೋದಾಗ ಗಂಟೆ ಎಷ್ಟಾಗಿತ್ತು?"

ಗಡಿಯಾರ ನೋಡಲು ಬಂದರೆ ತಾನೇ? ಬಾಗಿಲ ನೆರಳು ಹೊಸ್ತಿಲು ದಾಟಿತ್ತು ಎಂದಳು. ವಕೀಲರು ನಗಲಿಲ್ಲ. ಮಾರನೆಯ ಬೆಳಿಗ್ಗೆ ಕೈಗಡಿಯಾರ ಹಿಡಿದು ಅವಳ ಹೊಸ್ತಿಲ ಮುಂದೆ ಕುಕ್ಕರುಗಾಲಿನಲ್ಲಿ ಕೂತು ನೆರಳು ದಾಟುವ ಹೊತ್ತು ಬರೆದುಕೊಂಡರು. ಎಂಟೂಕಾಲು. ಕೋರ್ಟಿನಲ್ಲಿ ಅದನ್ನೇ ಹೇಳಿಸಿದರು. ಸರ್ಕಾರಿ ವಕೀಲ ಎದ್ದು, ಹಾಗಾದರೆ ನೆರಳಿಗೂ ಒಂದು ಸಮನ್ಸ್ ಕಳಿಸೋಣವೇ ಎಂದದ್ದೇ ತಡ, ಇಡೀ ಕೋರ್ಟು ಹೊಟ್ಟೆ ಹಿಡಿದುಕೊಂಡು ನಕ್ಕಿತು. ಮಹದೇವುಗೆ ಎರಡು ತಿಂಗಳು ಜೈಲಾಯಿತು. ಗಂಡ ಜೈಲಿಗೆ ಹೋದದ್ದಕ್ಕಿಂತ, ನಿಜ ಹೇಳಿದ ತನ್ನ ಬಾಯಿಗೆ ಜನ ನಕ್ಕರಲ್ಲ, ಅದು ದೇವಿರಮ್ಮನ ಹೊಟ್ಟೆಯಲ್ಲಿ ಕೆಂಡದ ಹಾಗೆ ಉಳಿಯಿತು.

ತೀರ್ಪಿನ ದಿನ ವಕೀಲರು ಅವಳ ಜೊತೆ ಗಲ್ಲಿಯವರೆಗೂ ನಡೆದು ಬಂದರು. ತಪ್ಪು ನಿಮ್ಮ ನೆರಳಿನದಲ್ಲ, ಅದನ್ನು ಕೋರ್ಟಿಗೆ ಮುಟ್ಟಿಸಲಾಗದ ನನ್ನದು ಎಂದರು. ವಾರ ಕಳೆಯುವುದರೊಳಗೆ ಎಲ್ಲಿಂದಲೋ ಒಂದು ದೊಡ್ಡ ಹಳೇ ಗೋಡೆ ಗಡಿಯಾರ ತಂದು, ಆಫೀಸಿನ ಒಳಗಲ್ಲ, ಹೊರಗೆ ಮಹಡಿಯ ಕಟಕಟೆಯ ಮೇಲೆ, ಗಲ್ಲಿಗೆ ಮುಖಮಾಡಿ ನೇತುಹಾಕಿಸಿದರು. ಚಿಕ್ಕಪ್ಪನವರು ಇದೇನು ರೈಲ್ವೆ ಸ್ಟೇಷನ್ನೇ ಎಂದು ರೇಗಿದರು. ವಕೀಲರು ಕಿವಿಗೆ ಹಾಕಿಕೊಳ್ಳಲಿಲ್ಲ.

ಮಧ್ಯಾಹ್ನ ಹೆಂಗಸರ ಕೈ ಬಿಡುವಾದಾಗ ಗುಮಾಸ್ತ ಜವರಪ್ಪ ಗಲ್ಲಿಗೆ ಇಳಿದು ಪಾಠ ಹೇಳುತ್ತಿದ್ದ. ಸಣ್ಣ ಕಡ್ಡಿ ಗಂಟೆ, ದೊಡ್ಡ ಕಡ್ಡಿ ನಿಮಿಷ. ಪಾಪ, ಜೀವ ತೇದ ಅವನು. ದೇವಿರಮ್ಮ ಹದಿನೈದೇ ದಿನದಲ್ಲಿ ಕಲಿತಳು. ಪಕ್ಕದ ಮನೆಯ ವಸಂತಮ್ಮ ಮಾತ್ರ ಕೊನೆಯವರೆಗೂ ಸಣ್ಣ ಕಡ್ಡಿಗೂ ದೊಡ್ಡ ಕಡ್ಡಿಗೂ ಅದಲುಬದಲು ಮಾಡುತ್ತಲೇ ಇದ್ದಳು. ನೋಡಿದ್ದು ಮರೆತುಹೋದರೆ ಎಂಬ ಭಯಕ್ಕೆ ದೇವಿರಮ್ಮನೇ ಒಂದು ಉಪಾಯ ಹೂಡಿದಳು: ಅಂಕಿ ಬರೆಯಲು ಬಾರದಿದ್ದರೇನು, ಮುಖ ಬರೆಯಬಹುದಲ್ಲ! ಒಲೆಯಿಂದ ಇದ್ದಿಲು ತಂದು ಬಾಗಿಲ ಪಕ್ಕ ಸೊನ್ನೆ ಸುತ್ತಿ, ಕಂಡ ಹಾಗೆ ಎರಡು ಕಡ್ಡಿ ಎಳೆದಳು. ಅಂದಿನಿಂದ ಆ ಗಲ್ಲಿಯಲ್ಲಿ ಯಾರನ್ನೇ ಹಿಡಿಯಲಿ, ಮೊದಲು ಸೊನ್ನೆ, ಆಮೇಲೆ ಅಳು.

ವಕೀಲರಿಗೆ ಇದೇ ದೊಡ್ಡ ಅಸ್ತ್ರವಾಯಿತು. ಹಿಡಿದವರನ್ನು ಇಪ್ಪತ್ತನಾಲ್ಕು ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬೇಕು ಎಂದು ಹೊಸ ಸಂವಿಧಾನ ಹೇಳಿತ್ತು. ಹೇಳಿದ್ದನ್ನು ಅವರು ಮಾಡಿಸಿಯೇ ಬಿಡುತ್ತಿದ್ದರು. ಕರಪತ್ರ ಹಂಚಿದವರು, ಮೆರವಣಿಗೆ ಹೊರಟ ಬೀಡಿ ಕೆಲಸದವರು, ಲಷ್ಕರ್ ಮೊಹಲ್ಲಾದ ಬಡ ದರ್ಜಿಗಳು, ತಮ್ಮನ್ನೇ ಸಭೆಯಲ್ಲಿ ಬಾಯಿಗೆ ಬಂದಂತೆ ಬೈದಿದ್ದ ಒಬ್ಬ ಭಾಷಣಕಾರ, ಎಲ್ಲರ ಪರವಾಗಿಯೂ ನಿಂತರು. ಆ ಭಾಷಣಕಾರನ ಪರ ಯಾಕೆ ಹೋದಿರಿ ಬುದ್ಧಿ ಎಂದು ದೇವಿರಮ್ಮ ಜಗಳಕ್ಕೇ ನಿಂತಳು. ಅವನು ನನ್ನನ್ನು ಬೈಯಬೇಕಾದರೂ ಅವನು ಹೊರಗಿರಬೇಕಲ್ಲಮ್ಮ ಎಂದರು ವಕೀಲರು. ಅವಳಿಗೆ ಅದು ಅರ್ಥವಾಗಲು ಎರಡು ದಿನ ಹಿಡಿಯಿತು. ಅರ್ಥವಾದ ಮೇಲೆ ಸೊಪ್ಪು ಕೊಳ್ಳಲು ಬಂದವರಿಗೆಲ್ಲ ತಾನೇ ಹೇಳಿಕೊಟ್ಟಳು.

ಐವತ್ತೆಂಟರ ಮಾರ್ಚ್ ಮೊದಲ ವಾರದಲ್ಲಿ ಗಂಡಾಂತರ ವಕೀಲರ ಬುಡಕ್ಕೇ ಬಂತು. ಮೂಟೆಯ ತೂಕ ಇಳಿಸಿ ಎಂದು ಹಮಾಲಿಗಳು ಕೆಲಸ ನಿಲ್ಲಿಸಿದ್ದರು. ಸಭೆಗೆ ಅನುಮತಿ ಕೇಳುವ ಅರ್ಜಿ ಹಿಡಿದು ವಕೀಲರು ಮೆಟ್ಟಿಲಿಳಿಯುತ್ತಿದ್ದ ಹಾಗೆಯೇ ಪೊಲೀಸರು ಅವರನ್ನು ವ್ಯಾನಿಗೆ ಹತ್ತಿಸಿದರು. ಗುಂಪು ಸೇರಬಾರದು ಎಂಬ ನಿಷೇಧಾಜ್ಞೆಯ ಟಾಂಟಾಂ ಕೇಳಿಸಿದ್ದು ಆಮೇಲೆ, ಹನ್ನೊಂದು ಗಂಟೆಗೆ. ಯುಗಾದಿ ಕಳೆದು ಮೂರು ವಾರಕ್ಕೆ ಚಾರ್ಜ್‌ಶೀಟು ಬಂದಾಗ ನೋಡಿದರೆ, ನಿಷೇಧಾಜ್ಞೆ ಮುರಿದು ಗುಂಪು ಕಟ್ಟಿಕೊಂಡು ನಿಂತಿದ್ದಾಗ ಹನ್ನೊಂದೂವರೆಗೆ ಬಂಧನ ಎಂದಿದೆ! ಇನ್ನೂ ಹುಟ್ಟದ ಆಜ್ಞೆಯನ್ನು ಮುರಿದರಂತೆ ನಮ್ಮ ವಕೀಲರು.

ಶಿಕ್ಷೆಯಾದರೆ ಅವರ ಸನ್ನದು ಹೋಗುವ ಹಾಗಿತ್ತು. ಕರೀ ಕೋಟು ಗೂಟಕ್ಕೆ, ಮಹಡಿ ಆಫೀಸಿಗೆ ಬೀಗ. ಬೆಳಿಗ್ಗೆಯ ಬಂಧನವನ್ನು ಇಡೀ ಮಂಡಿ ಕಣ್ಣಾರೆ ಕಂಡಿತ್ತು. ಆದರೆ ವ್ಯಾಪಾರಿಗಳಿಗೆ ಹಮಾಲಿಗಳ ಮೇಲೆ ಸಿಟ್ಟು, ಪೊಲೀಸರೆಂದರೆ ಭಯ. ಎಲ್ಲರೂ ಬಾಯಿಗೆ ಬೀಗ ಹಾಕಿಕೊಂಡರು. ಶಿವಮಲ್ಲಪ್ಪನವರು ಸ್ವಂತ ಅಣ್ಣನ ಮಗನಿಗಾಗಿಯೂ ತಕ್ಕಡಿಯಿಂದ ಕಣ್ಣೆತ್ತಲಿಲ್ಲ. ಗಲ್ಲಿಯ ಹೆಂಗಸರನ್ನೂ ಗಂಡಂದಿರು ಕೋರ್ಟಿಗೆ ಕಳಿಸಲಿಲ್ಲ. ಹೊರಟವಳು ದೇವಿರಮ್ಮ ಒಬ್ಬಳೇ. ಅದೇ ಕೋರ್ಟು, ಅದೇ ಸರ್ಕಾರಿ ವಕೀಲ. ಮತ್ತೆ ನಕ್ಕರೆ ಏನು ಮಾಡುತ್ತೀಯ ಎಂದು ಮಹದೇವು ಕೇಳಿದ. ನಗಲಿ, ನನ್ನ ಬಾಯಿ ಸವೆದುಹೋಗಲ್ಲ ಎಂದಳು. ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಕಟಕಟೆ ಹತ್ತಿದಳು.

ವಕೀಲರು ತಮ್ಮ ಪರ ತಾವೇ ವಾದಿಸುತ್ತಿದ್ದರು. ಅವಳನ್ನು ಕೇಳಿದ್ದು ಹಳೆಯ ಪ್ರಶ್ನೆಯನ್ನೇ: ಗಂಟೆ ಎಷ್ಟಾಗಿತ್ತು? ಒಂಬತ್ತು ನಲವತ್ತು ಎಂದಳು. ಸರ್ಕಾರಿ ವಕೀಲ ನಿಧಾನವಾಗಿ ಎದ್ದ. ಈಕೆ ಹಿಂದೊಮ್ಮೆ ನೆರಳನ್ನು ಸಾಕ್ಷಿಗೆ ಕರೆತಂದವಳು ಎಂದು ನೆನಪಿಸಿ ನಾಲ್ಕು ಜನರನ್ನು ನಗಿಸಿದ. ಆಮೇಲೆ ಓದು ಬರಹ ಬರುತ್ತದೆಯೇ ಎಂದು ಕೇಳಿದ.

"ಅಕ್ಸರ ಬರಾಕಿಲ್ಲ ಸ್ವಾಮಿ. ಗಡಿಯಾರ ಬತ್ತದೆ."

ಹಾಗಾದರೆ ಕೋರ್ಟಿನ ಗಡಿಯಾರ ಎಷ್ಟು ತೋರಿಸುತ್ತಿದೆ, ಹೇಳು ನೋಡೋಣ ಎಂದ ಅವನು. ದೇವಿರಮ್ಮ ಕತ್ತೆತ್ತಿ ನೋಡಿದಳು. ಬೆರಳು ಮಡಿಸಿ ಲೆಕ್ಕ ಹಾಕಿದಳು. ಸರ್ಕಾರಿ ವಕೀಲನ ತುಟಿ ಅರಳತೊಡಗಿತು.

"ಅದು ತೋರಿಸ್ತಿರೋದು ಅನ್ನೊಂದು ಅತ್ತು. ಆದ್ರೆ ಏಳು ನಿಮಿಸ ಇಂದೈತೆ. ಒಳೀಕೆ ಬರುವಾಗ ಜವರಪ್ಪನೋರ ಕೈಗಡಿಯಾರಕ್ಕೆ ತಾಳೆ ನೋಡ್ಕಂಡೇ ಬಂದೆ."

ಮ್ಯಾಜಿಸ್ಟ್ರೇಟರು ಜೇಬಿನಿಂದ ತಮ್ಮ ಗಡಿಯಾರ ತೆಗೆದರು. ಹನ್ನೊಂದು ಹದಿನೇಳು. ಕೋರ್ಟು ಮತ್ತೆ ನಕ್ಕಿತು. ಆದರೆ ಈ ಸಲದ ನಗುವಿಗೆ ಮುಖ ಸಣ್ಣಗಾದದ್ದು ಬೇರೆಯವರದು.

ಸರ್ಕಾರಿ ವಕೀಲ ಸೋಲಲು ಸಿದ್ಧನಿರಲಿಲ್ಲ. ಗೋಡೆಯ ಮೇಲೆ ಬರೆದಿದ್ದೇನೆ ಎಂದು ಅವಳು ಹೇಳಿದಾಗ, ಆ ಗೋಡೆಯನ್ನು ನಿನ್ನೆ ಸಂಜೆಯೂ ಬರೆದಿರಬಹುದಲ್ಲ ಎಂದ. ನ್ಯಾಯವಾದ ಮಾತೇ. ಮ್ಯಾಜಿಸ್ಟ್ರೇಟರು ಅರೆಗಳಿಗೆ ಯೋಚಿಸಿ, ನಾನೇ ಬಂದು ನೋಡುತ್ತೇನೆ ಎಂದರು.

ಮಾರನೆಯ ದಿನ ಗಲ್ಲಿಗೆ ಕೋರ್ಟೇ ನಡೆದು ಬಂತು. ದೇವಿರಮ್ಮ ತನ್ನ ಮನೆಯ ಸೊನ್ನೆ ತೋರಿಸಿದಳು. ಮ್ಯಾಜಿಸ್ಟ್ರೇಟರು ಅದನ್ನು ನೋಡಿ, ಪಕ್ಕದ ಮನೆ ನೋಡಿ, ಎದುರು ಮನೆ ನೋಡಿ, ಗಲ್ಲಿಯ ಕೊನೆಯವರೆಗೂ ಒಬ್ಬರೇ ನಡೆದುಹೋದರು. ಕೋರ್ಟಿಗೆ ಬರಲು ಹೆದರಿದ ಹೆಂಗಸರು ಬಾಗಿಲ ಸಂದಿಯಲ್ಲಿ ನಿಂತಿದ್ದರು. ಅವರ ಗೋಡೆಗಳು ಹೆದರಿರಲಿಲ್ಲ. ಹದಿನಾಲ್ಕು ಮನೆ, ಆ ಬೆಳಗಿನ ಹದಿನಾಲ್ಕು ಸೊನ್ನೆ. ಒಂದರಲ್ಲಿ ಒಂಬತ್ತು ಮೂವತ್ತೈದು, ಒಂದರಲ್ಲಿ ಒಂಬತ್ತು ಮುಕ್ಕಾಲು, ಉಳಿದವು ಹೆಚ್ಚುಕಡಿಮೆ ನಲವತ್ತು. ವಸಂತಮ್ಮನದು ಮಾತ್ರ ಎಂಟು ನಲವತ್ತೆಂಟು! ದೇವಿರಮ್ಮನಿಗೆ ತಡೆಯಲಾಗಲಿಲ್ಲ. ಅವಳು ಯಾವತ್ತೂ ಕಡ್ಡಿ ಅದಲುಬದಲು ಮಾಡುತ್ತಾಳೆ ಸ್ವಾಮಿ, ಹತ್ತು ಸಲ ಹೇಳಿಕೊಟ್ಟರೂ ಬುದ್ಧಿ ಬರಲಿಲ್ಲ ಎಂದು ಬೈದೇಬಿಟ್ಟಳು. ಹೇಳಿಕೊಟ್ಟು ಬರೆಸಿದ್ದರೆ ಎಲ್ಲವೂ ಒಂದೇ ಥರ ಇರುತ್ತಿದ್ದವು ಎಂದು ಮ್ಯಾಜಿಸ್ಟ್ರೇಟರು ತಮ್ಮಷ್ಟಕ್ಕೇ ಅಂದುಕೊಂಡ ಹಾಗೆ ಅಂದರು.

ಆಮೇಲೆ ವಸಂತಮ್ಮನ ಗೋಡೆಯನ್ನು ಉಗುರಿನಿಂದ ಕೆರೆದರು. ಉಗುರಿಗೆ ಬಂದದ್ದು ಸುಣ್ಣ. ಇದ್ದಿಲಿನ ಸೊನ್ನೆ ಅದರ ಅಡಿಯಲ್ಲಿತ್ತು, ತೆಳ್ಳಗಿನ ಸುಣ್ಣದೊಳಗಿಂದ ಕಾಣುತ್ತಿತ್ತು. ಈ ಮನೆಗಳಿಗೆ ಸುಣ್ಣ ಹೊಡೆಸಿದವರು ಯಾರು, ಯಾವಾಗ ಎಂದು ಕೇಳಿದರು. ಎಲ್ಲರ ಕಣ್ಣೂ ಮಂಡಿಯ ಬಾಗಿಲಲ್ಲಿ ನಿಂತಿದ್ದ ಶಿವಮಲ್ಲಪ್ಪನವರ ಕಡೆ ತಿರುಗಿತು. ಯಜಮಾನರು ಜಗಲಿಯಿಂದ ಇಳಿದು ಬಂದರು. ಸುಣ್ಣ ಕೊಡಿಸಿದ್ದು ನಾನೇ, ಯುಗಾದಿ ಹಿಂದಿನ ದಿನ ಎಂದರು. ಮ್ಯಾಜಿಸ್ಟ್ರೇಟರು ತಲೆಯಾಡಿಸಿದರು. ಪೊಲೀಸರು ಹನ್ನೊಂದೂವರೆ ಎಂದು ಬರೆದ ಚಾರ್ಜ್‌ಶೀಟು ಬಂದದ್ದು ಯುಗಾದಿಯ ಮೂರು ವಾರದ ಮೇಲೆ. ಅದಕ್ಕೂ ಮೊದಲೇ ಈ ಗಲ್ಲಿಗೆ ಸುಳ್ಳು ಹೇಳಬೇಕಾದ ಅಗತ್ಯವೇ ಇರಲಿಲ್ಲ. ಮ್ಯಾಜಿಸ್ಟ್ರೇಟರು ಹೊರಡಲು ತಿರುಗಿದಾಗ ಶಿವಮಲ್ಲಪ್ಪನವರು ಇನ್ನೂ ಅಲ್ಲೇ ನಿಂತಿದ್ದರು.

"ಒಂಬತ್ತು ನಲವತ್ತೇ ಸ್ವಾಮಿ," ಎಂದರು. "ನಾನೂ ನೋಡಿದೀನಿ."

ವೃಷಭೇಂದ್ರಪ್ಪನವರು ಕನ್ನಡಕ ತೆಗೆದು ಒರೆಸಿಕೊಂಡರು. ಬಹಳ ಹೊತ್ತು ಒರೆಸಿಕೊಂಡರು.

ತೀರ್ಪು ಬಂದದ್ದು ಎಂಟು ದಿನಕ್ಕೆ. ವಕೀಲರ ಬಿಡುಗಡೆಯಾಯಿತು, ಸನ್ನದು ಉಳಿಯಿತು, ಹಮಾಲಿಗಳು ಅವರನ್ನು ಹೆಗಲ ಮೇಲೆ ಹೊತ್ತುಕೊಂಡು ಬಂದರು. ಕ್ವಿಂಟಾಲು ಮೂಟೆ ಹೊರುವವರಿಗೆ ಬಡಕಲು ವಕೀಲರು ಯಾವ ಭಾರ! ಮುಂದೆ ಮೈಸೂರಿನ ಎಳೆಯ ವಕೀಲರೆಲ್ಲ ಕಕ್ಷಿಗಾರರು ಬಂದ ತಕ್ಷಣ ಗಂಟೆ ಎಷ್ಟಾಗಿತ್ತು ಎಂದು ಕೇಳುವುದನ್ನು ರೂಢಿ ಮಾಡಿಕೊಂಡರು. ಸೊನ್ನೆ ಬರೆಯುವುದು ಗಲ್ಲಿಯಿಂದ ಗಲ್ಲಿಗೆ ಹಬ್ಬಿ ಲಷ್ಕರ್ ಮೊಹಲ್ಲಾಕ್ಕೂ ಹೋಯಿತು.

ಆದರೆ ಆ ಸಂಜೆ ದೇವಿರಮ್ಮ ಮೆರವಣಿಗೆಗೆ ಹೋಗಲಿಲ್ಲ. ಜವರಪ್ಪನನ್ನು ತಡೆದು, ಇಂಗ್ಲಿಷಿನಲ್ಲಿದ್ದ ತೀರ್ಪಿನಲ್ಲಿ ತನ್ನ ವಿಚಾರ ಏನಿದೆ ಎಂದು ಕೇಳಿದಳು. ಅವನು ಹಾಳೆ ತಿರುವಿ, ಕನ್ನಡ ಮಾಡಿ ಹೇಳಿದ: ಸಾಕ್ಷಿ ದೇವಿರಮ್ಮನವರ ಮಾತನ್ನು ಈ ನ್ಯಾಯಾಲಯ ಪೂರ್ತಿಯಾಗಿ ನಂಬುತ್ತದೆ. ಅವಳು ಇನ್ನೊಂದು ಸಲ ಓದಿಸಿದಳು. ಮೂರನೆಯ ಸಲವೂ ಓದಿಸಿದಳು. ಕೊನೆಗೆ, ಮ್ಯಾಜಿಸ್ಟ್ರೇಟ್ ಸಾಹೇಬರು ಕೋರ್ಟಿನಲ್ಲಿ ಇದನ್ನು ಓದಿದಾಗ ಗಂಟೆ ಎಷ್ಟಾಗಿತ್ತು ಎಂದು ಕೇಳಿದಳು. ಮೂರೂ ಇಪ್ಪತ್ತು ಎಂದ ಜವರಪ್ಪ.

ಮಹದೇವು ಮೆರವಣಿಗೆ ಮುಗಿಸಿ ಬಂದಾಗ ಹೆಂಡತಿ ಇದ್ದಿಲು ಹಿಡಿದು ಗೋಡೆಯ ಮುಂದೆ ನಿಂತಿದ್ದಳು. ಹೊಸ ಸೊನ್ನೆ ಕಂಡವನೇ ಗಾಬರಿಯಿಂದ ಗಲ್ಲಿಯ ಉದ್ದಕ್ಕೂ ಕಣ್ಣಾಡಿಸಿದ. ಇವತ್ತು ಯಾರನ್ನು ಹಿಡಿದುಕೊಂಡು ಹೋದರು ಎಂದು ಕೇಳಿದ.

ಅವಳು ಚಿಕ್ಕ ಕಡ್ಡಿಯನ್ನು ಮೂರರ ಪಕ್ಕಕ್ಕೆ ಎಳೆದು ಮುಗಿಸಿದಳು.

"ಯಾರ್ನೂ ಇಡ್ಕಂಡೋಗಿಲ್ಲ," ಅಂದಳು. "ನನ್ ಮಾತ ನಂಬವ್ರೆ."