ಧಣಿ ನೇಮಿಸಿದ ನ್ಯಾಯಾಧೀಶ

ಡಬ್ಲಿನ್‌ನಲ್ಲಿ ಎಂ.ಎ. ಮಾಡುವಾಗ ನನ್ನ ಪ್ರಬಂಧದ ವಿಷಯ ಡೆನ್ಮಾರ್ಕಿನ ಒಂದು ಹಳೆಯ ಬಿರ್ಕ್. ಕೆಲವೇ ಹಳ್ಳಿಗಳಿಗೆಂದು ಇದ್ದ ಪುಟ್ಟ ನ್ಯಾಯವ್ಯಾಪ್ತಿ ಅದು. ಆಮೇಲೆ ಸರ್ಕಾರ ಅದನ್ನು ಪಕ್ಕದ ನ್ಯಾಯಾಲಯಕ್ಕೆ ಸೇರಿಸಿಬಿಟ್ಟಿತು. ಬಿರ್ಕ್ ಇದ್ದಷ್ಟು ಕಾಲ ಅದರ ನ್ಯಾಯಾಧೀಶನನ್ನು ನೇಮಿಸುತ್ತಿದ್ದವನು ಜಮೀನ್ದಾರನೇ. ಗೇಣಿದಾರರು ಅವನ ಮೇಲಿನ ದೂರನ್ನು ಅವನ ಮನುಷ್ಯನ ಮುಂದೆಯೇ ಹೇಳಿಕೊಳ್ಳಬೇಕಿತ್ತು.

ಅದೇ ಚಳಿಗಾಲದಲ್ಲಿ ಡಬ್ಲಿನ್ ಹೊರವಲಯದ ಟಾಲಾದಲ್ಲಿ ನಾನಿದ್ದ ಬಾಡಿಗೆ ಮನೆಯ ಮಾಲೀಕ ವಾರದೊಳಗೆ ಖಾಲಿ ಮಾಡು ಎಂದ. ಒಪ್ಪದಿದ್ದಾಗ ಬೀಗ ಬದಲಿಸುತ್ತೇನೆಂದು ಹೆದರಿಸಿದ. ಬಾಡಿಗೆ ತಕರಾರು ಬಗೆಹರಿಸುವ ಸರ್ಕಾರಿ ಮಂಡಳಿಗೆ ನಾನು ದೂರು ಕೊಟ್ಟೆ.

ವಿಚಾರಣೆಯ ದಿನ ಗೆಳತಿಯೊಬ್ಬಳು ಲುವಾಸ್ ಟ್ರಾಮಿನಲ್ಲಿ ಜೊತೆಗೆ ಬಂದಳು. "ಯಾಕೆ ಇಷ್ಟು ಹೆದರ್ತಿದೀಯ? ಎಲ್ಲಾ ಗ್ರ್ಯಾಂಡ್ ಆಗತ್ತೆ ಬಿಡು," ಎಂದಳು, ಸರಿಹೋಗುತ್ತೆ ಎನ್ನಲು ಅಲ್ಲಿಯವರು ಹೇಳುವ ಹಾಗೆ. ಕೋಣೆಯ ಬಾಗಿಲು ತೆರೆದರೆ, ಮಾಲೀಕ ವಿಚಾರಣಾಧಿಕಾರಿಯ ಜೊತೆ ನಗುನಗುತ್ತಾ ಮಾತಾಡುತ್ತಿದ್ದ. ಆ ಗೇಣಿದಾರರ ಕಥೆ ಓದಿ ಓದಿ ತಲೆ ತುಂಬಿಕೊಂಡಿದ್ದ ನಾನು ಹೊಸ್ತಿಲಲ್ಲೇ ನಿಂತುಬಿಟ್ಟೆ.

"ಇವ್ರೂ ಅವನ ಕಡೆಯವ್ರೇ ಕಣೇ, ಹೋಗೋಣ ಬಾ," ಎಂದು ಪಿಸುಗುಟ್ಟಿದೆ. ಗೆಳತಿ ನನ್ನ ಕೈ ಬಿಡಲಿಲ್ಲ.

ಅಧಿಕಾರಿ ಮಾಲೀಕನಿಗೆ ಕೂರಲು ಹೇಳಿ ನನ್ನತ್ತ ತಿರುಗಿದರು. "ಮೊದಲು ನೀವು ಹೇಳಿ. ಅವಸರ ಏನಿಲ್ಲ."

ನೀರು ಕುಡಿದು, ತೊದಲುತ್ತಲೇ ಶುರು ಮಾಡಿದೆ. ಮಾಲೀಕ ಮಧ್ಯೆ ಬಾಯಿ ಹಾಕಿದಾಗ ಅಧಿಕಾರಿ ಕೈಯೆತ್ತಿ ತಡೆದರು.

ತೀರ್ಪು ನನ್ನ ಪರವಾಗಿಯೇ ಬಂತು. ಓದು ಮುಗಿಯುವವರೆಗೂ ಆ ಮನೆಯಲ್ಲೇ ಇದ್ದೆ. ಆದರೂ ಹೊರಗೆ ಮಾಲೀಕನ ಕಾರು ನಿಂತ ಸದ್ದಾದರೆ ಸಾಕು, ಎದ್ದು ಹೋಗಿ ಚಿಲಕ ಹಾಕಿಕೊಳ್ಳುತ್ತಿದ್ದೆ.