ಕಂಬಳಿ ಕಟ್ಟಿದ ಕೋಣೆಯ ಹಾಡು

ಮೊನ್ನೆ ಟ್ರಂಕಿನಿಂದ ಹಳೆಯ ಕಂಬಳಿಯೊಂದನ್ನು ತೆಗೆದು ಬಿಸಿಲಿಗೆ ಹರವಿದೆ. ಉಣ್ಣೆಯ ಜೊತೆ, ನೂಲು ಗಟ್ಟಿಯಾಗಲು ಹಾಕುವ ಹುಣಸೆಬೀಜದ ಗಂಜಿಯ ವಾಸನೆ ಇನ್ನೂ ಉಳಿದಿತ್ತು. ಅದನ್ನು ಕೊಟ್ಟ ಕಂಬಳಿ ಅಜ್ಜಿ ನೆನಪಾದಳು...

ಅದು ಕ್ಯಾಸೆಟ್ಟುಗಳ ಕಾಲ. ನಾನು ಹೊಸದುರ್ಗದಲ್ಲಿ ಒಂದು ದಿನಪತ್ರಿಕೆಯ ವರದಿಗಾರ. ಬಸ್ ನಿಲ್ದಾಣದ ಎದುರಿನ ಕ್ಯಾಸೆಟ್ ಅಂಗಡಿಯವನು ದೀಪಾವಳಿಗೊಂದು ಹಾಡು ಮಾಡಿಸಿ, ಅದರ ಪ್ರಚಾರಕ್ಕೆಂದೇ ಒಂದು ತಂಡ ಕಟ್ಟಿದ್ದ: ಕಾಲೇಜಿನ ಮೂವರು ಹುಡುಗರು, ಒಬ್ಬಳು ಹುಡುಗಿ, ನಾಲ್ವರಿಗೂ ಮಿಂಚುವ ಜಾಕೆಟ್ಟು. ಅಂಗಡಿಯ ಹಿಂದಿನ ಕೋಣೆಯಲ್ಲೇ ರೆಕಾರ್ಡಿಂಗ್; ವರದಿಗೆಂದು ನಾನೂ ಹೋಗಿದ್ದೆ. ಬಸ್ಸಿನ ಹಾರನ್ ಒಳಗೆ ಬರಬಾರದೆಂದು ಗೋಡೆಗೆಲ್ಲ ಕಂಬಳಿ ಕಟ್ಟಬೇಕಿತ್ತು. ಕಂಬಳಿ ಮಾರಲು ಸಂತೆಗೆ ಬಂದಿದ್ದ ಅಜ್ಜಿಯಿಂದ ಒಂದು ದಿನದ ಮಟ್ಟಿಗೆ ಕೇಳಿ ತಂದರು. ಮಾಲು ಬಿಟ್ಟು ಹೋಗಲು ಮನಸ್ಸಾಗದೆ ಅವಳೂ ಬಂದು ಮೂಲೆಯಲ್ಲಿ ಉಣ್ಣೆ ನೂಲುತ್ತ ಕುಳಿತಳು.

ಹುಡುಗಿಯ ದನಿ ಮೇಲಿನ ಸ್ವರಕ್ಕೆ ಏರುತ್ತಿರಲಿಲ್ಲ. ಬೆಳಗಿನಿಂದ ಕೇಳಿ ಕೇಳಿ ಹಾಡು ಬಾಯಿಪಾಠವಾಗಿದ್ದ ಅಜ್ಜಿ, ಕದಿರು ತಿರುಗಿಸುತ್ತಲೇ ಆ ಸಾಲನ್ನು ಎತ್ತಿದಳು.

"ಕದಿರು ಕೆಳಗಿಟ್ಟು ಇನ್ನೊಂದ್ಸಲ ಹಾಡಜ್ಜಿ," ಎಂದ ಅಂಗಡಿಯವನು.

"ಆಗಲ್ಲ ಕಣಪ್ಪ. ಕೈ ನಿಂತ್ರೆ ಗಂಟ್ಲೂ ನಿಲ್ತೈತೆ."

ನೂಲುತ್ತಲೇ ಇಡೀ ಹಾಡು ಹಾಡಿದಳು, ಅದೇ ಕ್ಯಾಸೆಟ್ಟಿಗೆ ಇಳಿಯಿತು. ಹೊರಡುವಾಗ ಒಂದು ಕಂಬಳಿಯನ್ನು ನನ್ನ ಹೆಗಲಿಗೆ ಹಾಕಿ, "ಪೇಪರ್ನಾಗೆ ಬರೀರಿ. ನಮ್ಮ ಹಟ್ಟಿಯೋರು ಬಾಯಿಮಾತು ನಂಬಲ್ಲ," ಅಂದಳು. ಬರೀತೀನಿ ಎಂದೆ.

ಹಬ್ಬದ ಹಿಂದಿನ ದಿನ ಅಂಗಡಿಯ ಮುಂದೆ ವೇದಿಕೆ. ಕ್ಯಾಸೆಟ್ ಓಡುತ್ತಿತ್ತು, ಜಾಕೆಟ್ಟಿನವರು ಬಾಯಿ ಆಡಿಸುತ್ತಿದ್ದರು. ಅಜ್ಜಿ ಹಟ್ಟಿಯ ಹೆಂಗಸರನ್ನು ಕರೆತಂದಿದ್ದಳು.

"ಕೇಳ್ರೇ, ಅದು ನನ್ ದನಿ."

"ಹೌದೌದು, ಆ ಹುಡ್ಗಿ ಹೊಟ್ಟೆಯಾಗೆ ಕುಂತ್ಕಂಡು ಹಾಡ್ತಿದ್ದೀಯೇನೋ!" ಎಂದಳೊಬ್ಬಳು. ಎಲ್ಲರೂ ನಕ್ಕರು.

ಅಜ್ಜಿ ನನ್ನತ್ತ ಕೈ ತೋರಿಸಿದಳು. "ಆ ಪೇಪರಿನೋರ್ನ ಕೇಳ್ರಿ. ಅವ್ರು ಅಲ್ಲೇ ಇದ್ರು."

ಅಷ್ಟೂ ಮುಖ ನನ್ನ ಕಡೆ ತಿರುಗಿದವು. ಪಕ್ಕದಲ್ಲಿ ಅಂಗಡಿಯವನಿದ್ದ, ನಮ್ಮ ಹಬ್ಬದ ಪುರವಣಿಗೆ ಅವನದೇ ದೊಡ್ಡ ಜಾಹೀರಾತು. ನಾನು ನೋಟ್‌ಬುಕ್ ತೆರೆದು ಏನೋ ಬರೆಯುವವನಂತೆ ತಲೆ ತಗ್ಗಿಸಿದೆ. ಹೆಂಗಸರ ನಗು ಜೋರಾಯಿತು... ಅವಳ ಮಾತು ಮತ್ತೆ ಕೇಳಿಸಲಿಲ್ಲ.

ಮರುದಿನದ ವರದಿಯಲ್ಲಿ ನಾಲ್ವರ ಹೆಸರೂ ಒಂದಕ್ಷರ ತಪ್ಪಿಲ್ಲದೆ ಬಂತು, 'ಹಾಡಿ ರಂಜಿಸಿದರು' ಎಂದು. ಹಬ್ಬ ಕಳೆದ ವಾರದೊಳಗೆ ತಂಡವೂ ಚದುರಿತು. ಅಜ್ಜಿ ಸಂತೆಗೆ ಬರುತ್ತಲೇ ಇದ್ದಳು. ನಾನು ಬೇರೆ ಬೀದಿ ಹಿಡಿಯುತ್ತಿದ್ದೆ. ಮುಂದೊಂದು ವರ್ಷ ನೋಡಿದರೆ ಅವಳ ಜಾಗದಲ್ಲಿ ಬೇರೆ ಯಾರೋ ಕೂತಿದ್ದರು. ತೀರಿಕೊಂಡಳೆಂದು ಗೊತ್ತಾಯಿತು.

ಆಮೇಲೆ ಪತ್ರಿಕೆಯ ಡೆಸ್ಕಿನಲ್ಲಿ ಕೂತು ಎಷ್ಟೋ ತಿದ್ದುಪಡಿ ಹಾಕಿಸಿದ್ದೇನೆ, ಒಂದು ಇನಿಷಿಯಲ್ ತಪ್ಪಿದ್ದಕ್ಕೂ. ಬಿಸಿಲಿನ ಕಂಬಳಿ ಮಡಿಸಿಟ್ಟು ಆ ವರದಿಗೂ ಒಂದು ತಿದ್ದುಪಡಿ ಬರೆಯಲು ಕುಳಿತೆ. 'ಹಾಡಿದವರು' ಎಂದು ಬರೆದು ಪೆನ್ನು ನಿಂತಿತು. ಅವಳ ಹೆಸರನ್ನು ನಾನು ಯಾವತ್ತೂ ಕೇಳಿರಲೇ ಇಲ್ಲ.