ಹಾಗಲವಾಡಿಯ ಜಗಲಿಯಲ್ಲಿ ಹೇಳಿದ ಸುಳ್ಳು

ಗಂಗಮ್ಮನವರೇ, ಆ ಗ್ರಹಣದ ದಿನ ಬಸುರಿಯಾಗಿದ್ದ ನನ್ನ ಹೆಂಡತಿ ಹೊರಗೆ ಬಂದಿರಲೇ ಇಲ್ಲ. ಶಿರಾ ಗೇಟ್ ಹತ್ತಿರದ ನಮ್ಮ ಮನೆಯಲ್ಲಿ ಹಿಂದಿನ ಸಂಜೆಯೇ ಕಿಟಕಿಗಳಿಗೆ ಕಂಬಳಿ ಕಟ್ಟಿ, ಚಾಕು, ಕತ್ತರಿ, ಈಳಿಗೆಮಣೆ ಎಲ್ಲವನ್ನೂ ಅಟ್ಟಕ್ಕೆ ಹಾಕಿದವನು ನಾನೇ. ಅಮ್ಮನ ಬಲವಂತ ಎಂದು ಹೇಳಬಹುದಿತ್ತು — ಇಲ್ಲ, ಭಯ ನನ್ನದೂ ಆಗಿತ್ತು.

ಎಂಬತ್ತರ ದಶಕದ ಕೊನೆ. ವಾರಕ್ಕೊಮ್ಮೆ ಟೀವಿಯಲ್ಲಿ ಅರ್ಧ ಗಂಟೆ ವಿಜ್ಞಾನ ಹೇಳುತ್ತಿದ್ದೆ. ಗುಬ್ಬಿ ಬಸ್ ಸ್ಟ್ಯಾಂಡಿನಲ್ಲಿ ಇಳಿದರೆ ಕಾಫಿಗೆ ಕರೆಯದವರಿಲ್ಲ. ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ ನನಗೆ. ಬೆಳಗಿನ ಸೂರ್ಯಗ್ರಹಣಕ್ಕೆ ಕ್ಯಾಮೆರಾದೊಂದಿಗೆ ಹಾಗಲವಾಡಿಗೆ ಬಂದಾಗ ನನಗೆ ಬೇಕಾಗಿದ್ದದ್ದು ಒಬ್ಬ ಬಸುರಿ. ಗ್ರಹಣದ ಹೊತ್ತಿನಲ್ಲಿ ಬಸುರಿ ಏನನ್ನಾದರೂ ಹೆಚ್ಚಿದರೆ ಮಗುವಿನ ತುಟಿ ಸೀಳುತ್ತದೆ ಅನ್ನುತ್ತಾರಲ್ಲ, ಅದು ಸುಳ್ಳೆಂದು ತೋರಿಸುವ ಹುಚ್ಚು. ನೀವು ಏಳು ತಿಂಗಳ ಬಸುರಿ, ಎಸ್ಸೆಸ್ಸೆಲ್ಸಿ ಓದಿದವರು, ನನ್ನ ಒಂದು ಕಾರ್ಯಕ್ರಮವನ್ನೂ ತಪ್ಪಿಸಿದವರಲ್ಲ.

ನಿಮ್ಮ ಅತ್ತೆ ಬಾಗಿಲಿಗೆ ಅಡ್ಡ ನಿಂತರು. "ಬ್ಯಾಡ ಬುಡಿ ಸಾರ್, ಮೊದಲ್ನೇ ಬಸ್ರಿ ಅವ್ಳು. ನಿಮ್ ಮನೆಯವ್ರನ್ನ ಹಿಂಗ್ ಕೂರುಸ್ತೀರಾ?"

ಕ್ಯಾಮೆರಾ ಓಡುತ್ತಿತ್ತು. ನಾನು ನಕ್ಕು ಅಂದೆ: "ನಮ್ ಮನೆಯವ್ರೂ ಬಸ್ರಿನೇ ಕಣಮ್ಮ. ಈಗ ಹೊರಗ್ ಕೂತು ತರಕಾರಿ ಹೆಚ್ತಾ ಇರ್ತಾರೆ."

ನೀವು ಜಗಲಿಗೆ ಬಂದಿರಿ, ಸೌತೆಕಾಯಿ ಹೆಚ್ಚಿದಿರಿ. ನನ್ನನ್ನು ಅಷ್ಟು ನಂಬಿದ್ದಿರಿ.

ಅದು ಪ್ರಸಾರವಾದ ದಿನ ನನ್ನ ಹೆಂಡತಿ ಪಕ್ಕದಲ್ಲೇ ಕೂತು ನೋಡಿದಳು. "ನಾನ್ ಯಾವಾಗ್ ಹೊರಗ್ ಕೂತಿದ್ದೆ?" ಅಂದಳು, ಅಷ್ಟೇ. ಆಮೇಲೆ ನನ್ನ ಕಾರ್ಯಕ್ರಮ ನೋಡುವುದನ್ನೇ ಬಿಟ್ಟಳು. ಆ ಮಾತನ್ನು ನಾವಿಬ್ಬರೂ ಮತ್ತೆ ಎತ್ತಲಿಲ್ಲ.

ಮೂರು ತಿಂಗಳ ಮೇಲೆ, ಬಾಣಂತನಕ್ಕೆ ಹೋಗಿದ್ದ ಕುಣಿಗಲ್ಲಿನ ತವರಿನಿಂದ ನಿಮ್ಮ ಕಾಗದ ಬಂತು. ಮಗನ ಮೇಲ್ದುಟಿ ಸೀಳಿತ್ತು. "ನಾನೇ ಕೈಯಾರೆ ಮಗುವಿನ ತುಟಿ ಕುಯ್ದೆ ಅಂತಾರೆ ಸಾರ್. ನಿಮ್ಮ ಮನೆಯವರೂ ಹೆಚ್ಚಿದ್ದರಲ್ಲ. ಒಂದು ಸಲ ಬಂದು ನಮ್ಮ ಅತ್ತೆಗೆ ಹೇಳಿ. ನೀವು ಹೇಳಿದರೆ ನನ್ನನ್ನು ಕರ್ಕೊಂಡು ಹೋಗ್ತಾರೆ."

ನಮ್ಮ ಮಗಳು ಚೆನ್ನಾಗಿಯೇ ಹುಟ್ಟಿದ್ದಳು. ಬಂದಿದ್ದರೆ ಆ ಸುಳ್ಳನ್ನು ಒಪ್ಪಿಕೊಳ್ಳಬೇಕಿತ್ತು, ಇಲ್ಲವೇ ಮತ್ತೆ ಹೇಳಬೇಕಿತ್ತು. ಬರಲಿಲ್ಲ. ಸುಳ್ಳನ್ನು ಮುಟ್ಟದೆಯೇ ಹೇಳಬಹುದಾದ ಎರಡು ಸಾಲು ನಿಜ ನನಗೆ ಗೊತ್ತಿತ್ತು — ಅದನ್ನಾದರೂ ಒಂದು ಕಾರ್ಡಿನಲ್ಲಿ ಬರೆದು ಹಾಕಬಹುದಿತ್ತು... ಹಾಕಲಿಲ್ಲ. ಗಂಡನ ಮನೆಯವರು ನಿಮ್ಮನ್ನು ಕರೆಸಿಕೊಳ್ಳಲೇ ಇಲ್ಲವೆಂದು ಗುಬ್ಬಿಯಲ್ಲಿ ಯಾರೋ ಹೇಳಿದರು. ನಾನು ಕಾಫಿ ಮುಗಿಸಿ ಬಸ್ ಹತ್ತಿದೆ.

ಈಗ ಹೆಂಡತಿ ಇಲ್ಲ. ಇದನ್ನು ಹೇಳಿಕೊಳ್ಳಬಹುದಾಗಿದ್ದವಳು ಅವಳೊಬ್ಬಳೇ. ದಿನವಿಡೀ ಮಾತಿಲ್ಲದ ಮನೆಯಲ್ಲಿ ನಿಮ್ಮ ಮಗನನ್ನು ನೆನೆಯುತ್ತೇನೆ — ಅವನಿಗೂ ಅದೇ ಕಥೆ ಹೇಳಿದ್ದಾರೋ, ಅವನೂ ನಿಮ್ಮನ್ನೇ ದೂರುತ್ತಾನೋ... ಕ್ಷಮೆ ಕೇಳುವ ಮುಖ ನನಗಿಲ್ಲ. ಇಷ್ಟನ್ನು ಮಾತ್ರ ಅವನ ಮುಂದೆ ಓದಿ. ಮಗುವಿನ ತುಟಿ ಕೂಡಿಕೊಳ್ಳುವುದು, ಕೂಡದೆ ಸೀಳಾಗಿ ಉಳಿಯುವುದು, ಎರಡೂ ಬಸಿರಿನ ಎರಡನೇ ತಿಂಗಳಿನಲ್ಲಿ. ನೀವು ಜಗಲಿಗೆ ಬಂದದ್ದು ಏಳನೆಯದರಲ್ಲಿ.

ನಿಮ್ಮ ಕಾಗದ ಬಂದ ದಿನವೇ ಇದು ನನಗೆ ಗೊತ್ತಿತ್ತು.